ಸಿದ್ಧ ಕಣಕದಿಂದ ಪೇರಲ–ಚಕ್ಕಾ ಬಾರ್: ಮನೆಮಟ್ಟದ ತಯಾರಿಕೆ, ಸಂಗ್ರಹಣೆ ಮತ್ತು ಮಾರಾಟ

ಕೊಪ್ಪಳ ಜಿಲ್ಲೆಯಲ್ಲಿ ಎರಡು ಬಗೆಯ ಬೇಸಾಯ ಅಕ್ಕಪಕ್ಕದಲ್ಲಿಯೇ ಸಾಗಿದೆ. ಗಂಗಾವತಿ ಭಾಗದಲ್ಲಿ ತುಂಗಭದ್ರಾ ಎಡದಂಡೆ ಕಾಲುವೆಯ ನೀರಿನಿಂದ ಬತ್ತ ಬೆಳೆಯುತ್ತದೆ. ಕುಷ್ಟಗಿ ಮತ್ತು ಯಲಬುರ್ಗಾ ಭಾಗದ ಒಣಭೂಮಿಯಲ್ಲಿ ಕೊಳವೆಬಾವಿಯ ಹನಿ ನೀರನ್ನು ನಂಬಿ ದಾಳಿಂಬೆ, ಮಾವು, ಪೇರಲದಂತಹ ತೋಟದ ಬೆಳೆಗಳು ನಿಂತಿವೆ. ಇವುಗಳಲ್ಲಿ ಪೇರಲ (ಸೀಬೆ) ಸಣ್ಣ ಹಿಡುವಳಿದಾರರಿಗೆ ಒಗ್ಗುವ ಬೆಳೆ. ಆದರೆ ಹಣ್ಣು ಮಾಗಿದ ಮೇಲೆ ಸಾಮಾನ್ಯ ಉಷ್ಣಾಂಶದಲ್ಲಿ ಮೂರು–ನಾಲ್ಕು ದಿನಗಳಿಗಿಂತ ಹೆಚ್ಚು ಉಳಿಯುವುದಿಲ್ಲ. ಎಲ್ಲರ ತೋಟದಲ್ಲಿಯೂ ಏಕಕಾಲಕ್ಕೆ ಕೊಯ್ಲು ಬಂದಾಗ ಪೇಟೆಯಲ್ಲಿ ದರ ಕುಸಿಯುತ್ತದೆ. ಬುಟ್ಟಿಯ ತಳದಲ್ಲಿ ಉಳಿದ, ತುಸು ಜಜ್ಜಿದ ಹಣ್ಣಿಗೆ ಬೆಲೆಯೇ ಸಿಗುವುದಿಲ್ಲ.

ಅಂತಹ ಹಣ್ಣನ್ನು ಮನೆಯಲ್ಲಿಯೇ ಮೌಲ್ಯವರ್ಧನೆಗೊಳಿಸುವ ಹಲವು ದಾರಿಗಳಲ್ಲಿ ಒಂದನ್ನು ಈ ಲೇಖನದಲ್ಲಿ ವಿವರಿಸಲಾಗಿದೆ. ಇದು ಮೊದಲೇ ಸಿದ್ಧಪಡಿಸಿಟ್ಟ ಕಣಕದ ಮೇಲೆ ಚಕ್ಕಾ ಮತ್ತು ಪೇರಲದ ಹೂರಣವನ್ನು ಹರಡಿ, ಓವನ್‌ನಲ್ಲಿ ಬೇಯಿಸಿ, ಚೌಕಾಕಾರವಾಗಿ ಕತ್ತರಿಸುವ ಸಿಹಿ ತಿನಿಸು. ನಗರಗಳ ಬೇಕರಿಗಳಲ್ಲಿ ಇದನ್ನು ಕ್ರೀಮ್ ಚೀಸ್ ಬಳಸಿ ತಯಾರಿಸುತ್ತಾರೆ. ತಯಾರಿಕೆ ಸುಲಭ, ಉಳಿಸಿಕೊಳ್ಳುವುದು ಸುಲಭವಲ್ಲ. ಆದ್ದರಿಂದ ತಯಾರಿಕೆಯ ಕ್ರಮದಷ್ಟೇ ಪ್ರಾಮುಖ್ಯವನ್ನು ಸಂಗ್ರಹಣೆಗೂ ಮಾರಾಟಕ್ಕೂ ಇಲ್ಲಿ ಕೊಡಲಾಗಿದೆ. ಗಂಗಾವತಿ ತಾಲ್ಲೂಕಿನ ಹೇಮಗುಡ್ಡದಂತಹ ಗ್ರಾಮದ ಸ್ವಸಹಾಯ ಗುಂಪಿನ ಮಹಿಳೆಯರು, ಇರುವ ಅನುಕೂಲಗಳಲ್ಲಿಯೇ ಇದನ್ನು ಮಾಡಬಹುದೇ, ಮಾಡಿದರೆ ಎಲ್ಲಿ ಮಾರಬೇಕು, ಎಲ್ಲಿ ಮಾರಬಾರದು ಎಂಬುದನ್ನು ಗಮನದಲ್ಲಿರಿಸಿಕೊಂಡು ಈ ಮಾಹಿತಿಯನ್ನು ನೀಡಲಾಗಿದೆ.

ಮೂರು ಪದರ, ಒಂದೇ ಸಮಸ್ಯೆ

ಈ ಬಾರ್‌ನಲ್ಲಿ ಮೂರು ಪದರಗಳಿವೆ. ಕೆಳಗೆ ಗರಿಗರಿಯಾದ ಕಣಕ, ಅದರ ಮೇಲೆ ಮೃದುವಾದ ಚಕ್ಕಾ, ಅದರ ಮೇಲೆ ಹಣ್ಣಿನ ಪಾಕ. ಹೋಳಿಗೆ ಬಲ್ಲ ಗೃಹಿಣಿಗೆ ಕಣಕ–ಹೂರಣದ ಈ ಸಂಬಂಧ ಹೊಸದಲ್ಲ. ಹೂರಣದಲ್ಲಿ ನೀರು ಉಳಿದರೆ ಹೋಳಿಗೆ ಲಟ್ಟಿಸುವಾಗ ಹರಿಯುತ್ತದೆ. ಇಲ್ಲಿಯೂ ನಿಯಮ ಅದೇ.

ತಾಜಾ ಪೇರಲದಲ್ಲಿ ಶೇಕಡ 80ಕ್ಕಿಂತ ಹೆಚ್ಚು ನೀರಿರುತ್ತದೆ. ಗಟ್ಟಿ ಚಕ್ಕಾದಲ್ಲಿಯೂ ಸುಮಾರು ಶೇಕಡ 70ರಷ್ಟು ನೀರಿರುತ್ತದೆ. ಬೆಂದ ಕಣಕದಲ್ಲಿ ನೀರಿನ ಪ್ರಮಾಣ ಅತ್ಯಲ್ಪ. ಒದ್ದೆಯ ಪದರ ಒಣ ಪದರಕ್ಕೆ ತಾಗಿ ನಿಂತಾಗ ನೀರು ಒಣ ಪದರದತ್ತ ಸರಿಯುತ್ತದೆ. ಪರಿಣಾಮವಾಗಿ ಬೆಳಿಗ್ಗೆ ಗರಿಯಾಗಿದ್ದ ತಳ ಸಂಜೆಗೆ ಮೆತ್ತಗಾಗುತ್ತದೆ. ಅದೇ ನೀರು ಬೂಷ್ಟು, ಯೀಸ್ಟ್ ಮತ್ತು ಬ್ಯಾಕ್ಟೀರಿಯಾಗಳಿಗೂ ಆಸರೆಯಾಗುತ್ತದೆ. ರುಚಿ ಕೆಡುವುದಕ್ಕೂ ತಿನಿಸು ಹಾಳಾಗುವುದಕ್ಕೂ ಮೂಲ ಒಂದೇ. ಆದುದರಿಂದ ಕಣಕವನ್ನು ಮೊದಲು ಬೇಯಿಸಿಕೊಳ್ಳುವುದು, ಚಕ್ಕಾದ ನೀರನ್ನು ಸಂಪೂರ್ಣ ಇಳಿಸುವುದು, ಹಣ್ಣನ್ನು ತೂಕ ನೋಡಿ ಬತ್ತಿಸುವುದು, ಈ ಮೂರು ಹಂತಗಳಲ್ಲಿ ಯಾವುದನ್ನೂ ಬಿಡಬಾರದು.

ಸಿದ್ಧ ಕಣಕ

ಮಹಾನಗರಗಳ ದೊಡ್ಡ ಅಂಗಡಿಗಳಲ್ಲಿ ಘನೀಕರಿಸಿದ ಕಣಕದ ಹಾಳೆಗಳು ದೊರೆಯುತ್ತವೆ. ಸಣ್ಣ ಪಟ್ಟಣಗಳಲ್ಲಿ ಎರಡು ಪರ್ಯಾಯಗಳಿವೆ.

ಮೊದಲನೆಯದು, ಸ್ಥಳೀಯ ಬೇಕರಿ. ಪಫ್ ತಯಾರಿಸುವ ಬೇಕರಿಗಳಲ್ಲಿ ಪದರ ಹಿಟ್ಟನ್ನು ದಿನವೂ ಲಟ್ಟಿಸುತ್ತಾರೆ. ಮುಂಚಿತವಾಗಿ ಹೇಳಿದರೆ ಹಸಿ ಹಾಳೆಯನ್ನು ತೂಕದ ಲೆಕ್ಕದಲ್ಲಿ ಪಡೆಯಬಹುದು. ಕೊಳ್ಳುವ ಮುನ್ನ ಯಾವ ಕೊಬ್ಬು ಬಳಸಿದ್ದಾರೆಂದು ಕೇಳಿ ತಿಳಿಯಬೇಕು. ಆಹಾರದಲ್ಲಿ ಬಳಸುವ ಎಣ್ಣೆ ಮತ್ತು ಕೊಬ್ಬುಗಳಲ್ಲಿ ಕೈಗಾರಿಕಾ ಟ್ರಾನ್ಸ್ ಕೊಬ್ಬಿನ ಪ್ರಮಾಣ ಶೇಕಡ 2ನ್ನು ಮೀರಬಾರದೆಂಬ ನಿಯಮ 2022ರ ಜನವರಿಯಿಂದ ದೇಶದಲ್ಲಿ ಜಾರಿಯಲ್ಲಿದೆ. ಬೇಕರಿಯವರು ಬಳಸುವ ಮಾರ್ಗರಿನ್ ಪೊಟ್ಟಣದ ಮೇಲೆ ಈ ವಿವರ ಮುದ್ರಿತವಾಗಿರುತ್ತದೆ.

ಎರಡನೆಯದು, ಮನೆಯಲ್ಲಿಯೇ ಬಿಡುವಿನ ದಿನ ಕಣಕ ಮಾಡಿ ಶೇಖರಿಸಿಡುವುದು. ವೆಚ್ಚ ಮತ್ತು ಗುಣಮಟ್ಟಗಳೆರಡರ ದೃಷ್ಟಿಯಿಂದಲೂ ಇದೇ ಉತ್ತಮ. ಗುಂಪಿನಲ್ಲಿ ಕೆಲಸ ಮಾಡುವವರಿಗೆ ಇನ್ನೂ ಒಂದು ಅನುಕೂಲವಿದೆ: ಕಣಕದ ಕೆಲಸ ಒಂದು ದಿನ, ಬೇಯಿಸುವ ಕೆಲಸ ಮತ್ತೊಂದು ದಿನ ಎಂದು ಹಂಚಿಕೊಳ್ಳಬಹುದು.

ಇಲ್ಲಿ ನಮ್ಮ ಹವೆಯನ್ನು ಲಕ್ಷಿಸಬೇಕು. ಬೆಣ್ಣೆ ಸುಮಾರು 30ರಿಂದ 35 ಡಿಗ್ರಿ ಸೆಲ್ಸಿಯಸ್‌ನಲ್ಲಿ ಕರಗುತ್ತದೆ. ಏಪ್ರಿಲ್–ಮೇ ತಿಂಗಳಲ್ಲಿ ಈ ಭಾಗದ ಮಧ್ಯಾಹ್ನದ ಉಷ್ಣಾಂಶ 40 ಡಿಗ್ರಿ ತಲುಪುವುದರಿಂದ, ಆ ಹೊತ್ತಿನಲ್ಲಿ ಕಲಸಿದರೆ ಬೆಣ್ಣೆ ಎಣ್ಣೆಯಾಗಿ ಬೇರ್ಪಟ್ಟು ಕಣಕ ಗಟ್ಟಿಯಾಗಿ, ಚರ್ಮದಂತಾಗುತ್ತದೆ. ಬೇಸಿಗೆಯಲ್ಲಿ ಬೆಳಗಿನ ಜಾವವೇ ಈ ಕೆಲಸಕ್ಕೆ ಯೋಗ್ಯ. ಹಿಟ್ಟು, ಪಾತ್ರೆ, ನೀರು ಎಲ್ಲವನ್ನೂ ಹಿಂದಿನ ರಾತ್ರಿ ಫ್ರಿಜ್‌ನಲ್ಲಿರಿಸಬೇಕು. ಅಂಗೈಯ ಬಿಸಿ ತಾಗದಂತೆ ಬೆರಳ ತುದಿಗಳಿಂದ ಮಾತ್ರ ಕಲಸಬೇಕು. ಚಪಾತಿ ಹಿಟ್ಟಿನಂತೆ ನಾದಬಾರದು. ನಾದಿದಷ್ಟೂ ಗೋಧಿಯ ಅಂಟು ಬಲಗೊಂಡು ಬಾರ್ ಗಡುಸಾಗುತ್ತದೆ.

ಸಿದ್ಧ ಕಣಕವನ್ನು ಉಂಡೆಯಾಗಿ ಬಿಡದೆ ಚಪ್ಪಟೆ ಬಿಲ್ಲೆಯಾಗಿ ತಟ್ಟಿ, ಗಾಳಿಯಾಡದಂತೆ ಸುತ್ತಿ ಇಡಬೇಕು. ಫ್ರಿಜ್‌ನಲ್ಲಿ 3 ದಿನ, ಫ್ರೀಜರ್‌ನಲ್ಲಿ ಒಂದು ತಿಂಗಳವರೆಗೆ ಬಳಸಬಹುದು. ಫ್ರೀಜರ್‌ನಿಂದ ತೆಗೆದ ಕಣಕವನ್ನು ಹೊರಗೆ ಇಟ್ಟು ಕರಗಿಸದೆ, ಹಿಂದಿನ ರಾತ್ರಿಯೇ ಫ್ರಿಜ್‌ನ ಕೆಳಭಾಗಕ್ಕೆ ಸರಿಸಬೇಕು. ಪ್ರತಿ ಬಿಲ್ಲೆಯ ಮೇಲೆ ತಯಾರಿಸಿದ ದಿನಾಂಕ ಬರೆದಿಡುವುದು ಕಡ್ಡಾಯವೆಂದು ಭಾವಿಸಿರಿ.

ಕ್ರೀಮ್ ಚೀಸ್‌ಗೆ ಬದಲಾಗಿ ಚಕ್ಕಾ

ಕ್ರೀಮ್ ಚೀಸ್ ಎಂಬುದು ಹಾಲು ಮತ್ತು ಕೆನೆಯನ್ನು ಹುಳಿಗಟ್ಟಿಸಿ, ನೀರು ಇಳಿಸಿ ತಯಾರಿಸುವ, ಮಾಗಿಸದ ಮೃದು ಚೀಸ್. ಅಮೆರಿಕದ ಮಾನದಂಡದ ಪ್ರಕಾರ ಅದರಲ್ಲಿ ಕನಿಷ್ಠ ಶೇಕಡ 33 ಕೊಬ್ಬು ಇರಬೇಕು, ತೇವಾಂಶ ಶೇಕಡ 55ನ್ನು ಮೀರಬಾರದು. ನಮ್ಮಲ್ಲಿ ಅದರ ಬೆಲೆ ಹೆಚ್ಚು, ಲಭ್ಯತೆ ಕಡಿಮೆ. ಆದರೆ ಶ್ರೀಖಂಡಕ್ಕಾಗಿ ಮೊಸರನ್ನು ಬಟ್ಟೆಯಲ್ಲಿ ಕಟ್ಟಿ ಇಳಿಸುವ ಚಕ್ಕಾ ಉತ್ತರ ಕರ್ನಾಟಕದ ಮನೆಗಳಿಗೆ ಚಿರಪರಿಚಿತ. ಹುಳಿ, ಮೃದುತ್ವ, ಹರಡುವ ಗುಣಗಳಲ್ಲಿ ಅದು ಕ್ರೀಮ್ ಚೀಸ್‌ಗೆ ಸಮೀಪವಾಗಿದೆ. ಕೊಬ್ಬು ಕಡಿಮೆ, ನೀರು ಹೆಚ್ಚು ಎಂಬುದೇ ವ್ಯತ್ಯಾಸ. ಸ್ವಲ್ಪ ಕೆನೆ ಸೇರಿಸಿದರೆ ಮೊದಲನೆಯ ಕೊರತೆ ತುಂಬುತ್ತದೆ. ಎರಡನೆಯದಕ್ಕೆ ಮೆಕ್ಕೆಜೋಳದ ಪಿಷ್ಟ (ಕಾರ್ನ್‌ಫ್ಲೋರ್) ಬೇಕು.

ಪಿಷ್ಟವನ್ನು ಏಕೆ ಸೇರಿಸಬೇಕೆಂಬುದು ತಿಳಿದಿರಲಿ. ಮೊಸರಿನ ಪ್ರೋಟೀನು ಬಿಸಿಗೆ ಬಿಗಿದುಕೊಂಡು ತನ್ನೊಳಗಿನ ನೀರನ್ನು ಹೊರಹಿಂಡುತ್ತದೆ. ಮಜ್ಜಿಗೆಹುಳಿ ಕುದಿಸಿದಾಗ ಒಡೆಯುವುದು ಇದೇ ಕಾರಣಕ್ಕೆ. ಹಿಟ್ಟು ಕದಡಿ ಹಾಕಿದರೆ ಒಡೆಯದಿರುವುದೂ ಇದೇ ತತ್ತ್ವದಿಂದ. ಮೆಕ್ಕೆಜೋಳದ ಪಿಷ್ಟದ ಕಣಗಳು ಸುಮಾರು 62ರಿಂದ 72 ಡಿಗ್ರಿಯಲ್ಲಿ ಉಬ್ಬಿ, ಹೊರಬಿದ್ದ ನೀರನ್ನು ಹಿಡಿದಿಡುತ್ತವೆ. ಪಾಶ್ಚಾತ್ಯ ಕ್ರಮದಲ್ಲಿ ಈ ಕೆಲಸವನ್ನು ಮೊಟ್ಟೆಯಿಂದ ಮಾಡಿಸುತ್ತಾರೆ. ಮೊಟ್ಟೆಯಿಲ್ಲದ ತಿನಿಸನ್ನೇ ಬಯಸುವ ಗ್ರಾಹಕರು ನಮ್ಮಲ್ಲಿ ಹೆಚ್ಚಾಗಿರುವುದರಿಂದ ಪಿಷ್ಟವೇ ಸೂಕ್ತ.

ಗಟ್ಟಿ ಹಾಲಿನಿಂದ ಹೆಪ್ಪು ಹಾಕಿದ 1 ಲೀಟರ್ ಮೊಸರಿನಿಂದ ಸುಮಾರು 350 ಗ್ರಾಂ ಚಕ್ಕಾ ದೊರೆಯುತ್ತದೆ. ಮೊಸರನ್ನು ತೆಳುವಾದ ಶುಭ್ರ ಹತ್ತಿಬಟ್ಟೆಯಲ್ಲಿ ಕಟ್ಟಿ, ಪಾತ್ರೆಯ ಮೇಲಿರಿಸಿದ ಜರಡಿಯಲ್ಲಿಟ್ಟು, ಫ್ರಿಜ್‌ನೊಳಗೆ 10ರಿಂದ 12 ಗಂಟೆ ಬಿಡಬೇಕು. ಅಡುಗೆಮನೆಯ ಗೂಟಕ್ಕೆ ರಾತ್ರಿಯಿಡೀ ನೇತುಹಾಕುವ ರೂಢಿ ಚಳಿಗಾಲಕ್ಕೆ ಸರಿ. ಬೇಸಿಗೆಯಲ್ಲಿ ಹಾಗೆ ಮಾಡಿದರೆ ಚಕ್ಕಾ ವಿಪರೀತ ಹುಳಿಯಾಗುತ್ತದೆ. ಕೆಳಗೆ ಇಳಿದ ನೀರನ್ನು ಚೆಲ್ಲದೆ ಸಾರಿಗೆ ಅಥವಾ ಚಪಾತಿ ಹಿಟ್ಟು ಕಲಸಲು ಬಳಸಬಹುದು.

ಪೇರಲವನ್ನು ಬತ್ತಿಸುವ ಕ್ರಮ

ಪೇರಲದಲ್ಲಿ ಪೆಕ್ಟಿನ್ ಎಂಬ ನೈಸರ್ಗಿಕ ಅಂಟು ಸಮೃದ್ಧವಾಗಿದೆ. ಸಕ್ಕರೆ ಮತ್ತು ಹುಳಿಯೊಡನೆ ಕುದಿಸಿದಾಗ ಅದು ತಾನಾಗಿಯೇ ಗಟ್ಟಿಗೊಳ್ಳುತ್ತದೆ. ಬೇರೆ ಅಂಟು ಪದಾರ್ಥದ ಅವಶ್ಯಕತೆಯಿಲ್ಲದಿರುವುದರಿಂದ ಈ ತಿನಿಸಿಗೆ ಪೇರಲ ಬಹಳ ಯೋಗ್ಯವಾದ ಹಣ್ಣು. ತೀರ ಮಾಗಿದ ಹಣ್ಣಿಗಿಂತ, ಪರಿಮಳ ಬಂದು ಇನ್ನೂ ಗಟ್ಟಿಯಿರುವ ಹಣ್ಣಿನಲ್ಲಿ ಪೆಕ್ಟಿನ್ ಹೆಚ್ಚು. ಬಿಳಿ ತಿರುಳಿನ ಲಖನೌ–49, ಅಲಹಾಬಾದ್ ಸಫೇದಾ ತಳಿಗಳು ಮತ್ತು ಗುಲಾಬಿ ತಿರುಳಿನ ತಳಿಗಳು ಎರಡೂ ಆಗುತ್ತವೆ. ಗುಲಾಬಿ ತಿರುಳಿನಿಂದ ಬಣ್ಣ ಆಕರ್ಷಕವಾಗಿ ಬರುತ್ತದೆ. ಮಳೆಗಾಲದ ಹಣ್ಣಿನಲ್ಲಿ ಹಣ್ಣುನೊಣದ ಹುಳು ಇರುವ ಸಂಭವ ಹೆಚ್ಚು. ಆದ್ದರಿಂದ ಪ್ರತಿ ಹಣ್ಣನ್ನೂ ನಾಲ್ಕು ಭಾಗ ಮಾಡಿ ಪರೀಕ್ಷಿಸಬೇಕು. ಬೀಜ ಕಲ್ಲಿನಂತೆ ಗಡುಸಾಗಿರುವುದರಿಂದ ಜರಡಿ ಹಿಡಿಯುವುದನ್ನು ತಪ್ಪಿಸಬಾರದು.

ಪೇರಲದ ಪ್ರತಿ 100 ಗ್ರಾಂನಲ್ಲಿ ಸುಮಾರು 200 ಮಿಲಿಗ್ರಾಂ ‘ಸಿ’ ಜೀವಸತ್ವವಿದ್ದರೂ ಬೇಯಿಸುವಾಗ ಅದರ ಗಣನೀಯ ಭಾಗ ನಷ್ಟವಾಗುತ್ತದೆ. ಆದುದರಿಂದ ಈ ಬಾರ್ ಅನ್ನು ‘ಸಿ’ ಜೀವಸತ್ವದ ಆಗರವೆಂದು ಪ್ರಚಾರ ಮಾಡುವುದು ಸರಿಯಲ್ಲ. ಆ ಪ್ರಯೋಜನಕ್ಕೆ ಹಣ್ಣನ್ನು ಹಸಿಯಾಗಿಯೇ ತಿನ್ನಬೇಕು.

ಬೇಕಾಗುವ ಸಾಮಗ್ರಿಗಳು

(20 ಸೆಂ.ಮೀ. ಚೌಕದ ಒಂದು ಟ್ರೇಗೆ; 16 ಬಾರ್‌ಗಳು)

ಕಣಕಕ್ಕೆ:
• ಮೈದಾ – 200 ಗ್ರಾಂ (ಇದರಲ್ಲಿ 50 ಗ್ರಾಂ ಬದಲಿಗೆ ನವಣೆ ಹಿಟ್ಟು ಬಳಸಬಹುದು)
• ಉಪ್ಪಿಲ್ಲದ ಬೆಣ್ಣೆ, ತಣ್ಣಗಿರುವುದು – 100 ಗ್ರಾಂ
• ಪುಡಿ ಸಕ್ಕರೆ – 50 ಗ್ರಾಂ
• ಉಪ್ಪು – ಒಂದು ಚಿಟಿಕೆ
• ತಣ್ಣನೆಯ ನೀರು ಅಥವಾ ಹಾಲು – 20ರಿಂದ 30 ಮಿ.ಲೀ.

ಚಕ್ಕಾ ಪದರಕ್ಕೆ:
• ಗಟ್ಟಿ ಚಕ್ಕಾ – 300 ಗ್ರಾಂ
• ತಾಜಾ ಕೆನೆ – 50 ಗ್ರಾಂ
• ಪುಡಿ ಸಕ್ಕರೆ – 60 ಗ್ರಾಂ
• ಮೆಕ್ಕೆಜೋಳದ ಪಿಷ್ಟ – 15 ಗ್ರಾಂ
• ಏಲಕ್ಕಿ ಪುಡಿ – ಕಾಲು ಚಹಾ ಚಮಚ

ಹಣ್ಣಿನ ಪದರಕ್ಕೆ:
• ಪೇರಲ – ಸುಮಾರು 500 ಗ್ರಾಂ (ಜರಡಿ ಹಿಡಿದ ತಿರುಳು 400 ಗ್ರಾಂ)
• ಸಕ್ಕರೆ – 100 ಗ್ರಾಂ
• ನಿಂಬೆ ರಸ – 10 ಮಿ.ಲೀ.

ತಯಾರಿಸುವ ವಿಧಾನ

1. ಮೈದಾ, ಪುಡಿ ಸಕ್ಕರೆ, ಉಪ್ಪುಗಳನ್ನು ಒಟ್ಟಿಗೆ ಜರಡಿ ಹಿಡಿಯಿರಿ. ಬೆಣ್ಣೆಯನ್ನು ಸಣ್ಣ ತುಂಡುಗಳಾಗಿ ಕತ್ತರಿಸಿ ಹಾಕಿ, ಬೆರಳ ತುದಿಗಳಿಂದ ಉಜ್ಜಿ ರವೆಯಂತೆ ಮಾಡಿ. ನೀರನ್ನು ಸ್ವಲ್ಪ ಸ್ವಲ್ಪವಾಗಿ ಚಿಮುಕಿಸಿ, ಒಟ್ಟುಗೂಡುವಷ್ಟು ಮಾತ್ರ ಕಲಸಿ. ಬಿಲ್ಲೆಯಾಗಿ ತಟ್ಟಿ ಸುತ್ತಿ, ಕನಿಷ್ಠ 1 ಗಂಟೆ ಫ್ರಿಜ್‌ನಲ್ಲಿರಿಸಿ. ಮೊದಲೇ ಮಾಡಿಟ್ಟ ಕಣಕವಿದ್ದರೆ ಈ ಹಂತದ ಅಗತ್ಯವಿಲ್ಲ.

2. ಪೇರಲವನ್ನು ತೊಳೆದು, ತೊಟ್ಟು ಮತ್ತು ತುದಿ ತೆಗೆದು, ಹೋಳು ಮಾಡಿ, ಅರ್ಧ ಲೋಟ ನೀರಿನಲ್ಲಿ ಮೆತ್ತಗಾಗುವವರೆಗೆ ಬೇಯಿಸಿ. ಜರಡಿಯಲ್ಲಿ ಒತ್ತಿ ಬೀಜ ಬೇರ್ಪಡಿಸಿ. ಖಾಲಿ ಬಾಣಲೆಯ ತೂಕವನ್ನು ಮೊದಲು ಬರೆದಿಟ್ಟುಕೊಂಡು, ತಿರುಳು, ಸಕ್ಕರೆ, ನಿಂಬೆ ರಸಗಳನ್ನು ಅದರಲ್ಲಿ ಹಾಕಿ ಕುದಿಸಿ. ಆರಂಭದಲ್ಲಿ ಸುಮಾರು 510 ಗ್ರಾಂ ಇರುವ ಮಿಶ್ರಣ 300 ಗ್ರಾಂಗೆ ಇಳಿದಾಗ ಒಲೆಯಿಂದ ಇಳಿಸಿ, ಪೂರ್ಣ ತಣಿಯಲು ಬಿಡಿ. ಕಣ್ಣಂದಾಜಿಗಿಂತ ತೂಕದ ಲೆಕ್ಕವೇ ನಂಬಿಕೆಗೆ ಅರ್ಹ.

3. ಓವನ್ ಅನ್ನು 180 ಡಿಗ್ರಿಗೆ 15 ನಿಮಿಷ ಮುಂಚಿತವಾಗಿ ಕಾಯಿಸಿ. ಟ್ರೇಗೆ ಬಟರ್ ಪೇಪರ್ ಹಾಸಿ, ಅದರ ಅಂಚು ಎರಡು ಬದಿಗಳಲ್ಲಿ ಹೊರಗೆ ಚಾಚಿರಲಿ. ಮುಂದೆ ಬಾರ್‌ಗಳನ್ನು ಎತ್ತಲು ಇದು ನೆರವಾಗುತ್ತದೆ.

4. ಕಣಕದ ಮೂರರಲ್ಲಿ ಎರಡು ಭಾಗವನ್ನು ಸುಮಾರು 5 ಮಿ.ಮೀ. ದಪ್ಪಕ್ಕೆ ಟ್ರೇಯಲ್ಲಿ ಸಮನಾಗಿ ಒತ್ತಿ. ಫೋರ್ಕಿನಿಂದ ಅಲ್ಲಲ್ಲಿ ಚುಚ್ಚಿ. ಅದೊಂದನ್ನೇ 12ರಿಂದ 15 ನಿಮಿಷ, ತಿಳಿ ಹೊಂಬಣ್ಣ ಬರುವವರೆಗೆ ಬೇಯಿಸಿ ಹೊರತೆಗೆದು ಆರಲು ಬಿಡಿ. ಉಳಿದ ಒಂದು ಭಾಗವನ್ನು ಫ್ರಿಜ್‌ನಲ್ಲಿಯೇ ಇಟ್ಟಿರಿ.

5. ಚಕ್ಕಾ, ಪುಡಿ ಸಕ್ಕರೆ, ಪಿಷ್ಟ, ಏಲಕ್ಕಿಗಳನ್ನು ಗಂಟಿಲ್ಲದಂತೆ ಕಲಸಿ, ಕೊನೆಯಲ್ಲಿ ಕೆನೆ ಸೇರಿಸಿ. ಯಂತ್ರದಿಂದ ಹೆಚ್ಚು ಹೊತ್ತು ಕಡೆದರೆ ಮಿಶ್ರಣ ತೆಳುವಾಗುತ್ತದೆ, ಕೈಸೌಟು ಸಾಕು.

6. ಬೆಂದ ತಳದ ಮೇಲೆ ಚಕ್ಕಾ ಮಿಶ್ರಣ ಹರಡಿ. ಅದರ ಮೇಲೆ ಪೇರಲದ ಪಾಕವನ್ನು ಚಮಚದಿಂದ ಅಲ್ಲಲ್ಲಿ ಇಟ್ಟು ಮೃದುವಾಗಿ ಸವರಿ. ಫ್ರಿಜ್‌ನಲ್ಲಿದ್ದ ಕಣಕವನ್ನು ಪುಡಿಪುಡಿ ಮಾಡಿ ಮೇಲೆ ಉದುರಿಸಿ.

7. ಉಷ್ಣತೆಯನ್ನು 170 ಡಿಗ್ರಿಗೆ ಇಳಿಸಿ 25ರಿಂದ 30 ನಿಮಿಷ ಬೇಯಿಸಿ. ಅಂಚು ಗಟ್ಟಿಯಾಗಿ, ಟ್ರೇ ಅಲುಗಿಸಿದಾಗ ನಡುಭಾಗ ಮಾತ್ರ ತುಸು ಕಂಪಿಸುವ ಸ್ಥಿತಿ ಸರಿಯಾದ ಹದ. ತಣಿಯುವಾಗ ಅದು ತಾನೇ ಗಟ್ಟಿಯಾಗುತ್ತದೆ.

8. ಹೊರಗೆ 1 ಗಂಟೆ ತಣಿಸಿ, ಅನಂತರ 4 ಗಂಟೆ ಫ್ರಿಜ್‌ನಲ್ಲಿರಿಸಿ. ಬಿಸಿನೀರಿನಲ್ಲಿ ಅದ್ದಿ ಒರೆಸಿದ ಚಾಕುವಿನಿಂದ 5 ಸೆಂ.ಮೀ. ಚೌಕಗಳಾಗಿ ಕತ್ತರಿಸಿ. ಪ್ರತಿ ಬಾರ್ ಸುಮಾರು 55ರಿಂದ 60 ಗ್ರಾಂ ತೂಗುತ್ತದೆ.

ಪಫ್ ಹಾಳೆ ಬಳಸುವವರು ತಳವನ್ನು ಚುಚ್ಚಿ 200 ಡಿಗ್ರಿಯಲ್ಲಿ ಹೊಂಬಣ್ಣ ಬರುವವರೆಗೆ ಬೇಯಿಸಿ, ಉಬ್ಬಿದ್ದರೆ ಸೌಟಿನಿಂದ ಒತ್ತಿ ಸಮಮಾಡಿ, ಬಳಿಕ ಮೇಲಿನ ಕ್ರಮವನ್ನೇ ಅನುಸರಿಸಬೇಕು. ಮೇಲೆ ಪುಡಿ ಉದುರಿಸುವ ಬದಲು ಹಾಳೆಯ ತೆಳು ಪಟ್ಟಿಗಳನ್ನು ಅಡ್ಡಡ್ಡ ಜೋಡಿಸಬಹುದು.

ಆರಂಭದಲ್ಲಿಯೇ ಓವನ್ ಕೊಳ್ಳುವ ಅವಸರ ಬೇಡ. ಮನೆಯಲ್ಲಿ ಕಲಸಿದ ಹಿಟ್ಟನ್ನು ಬೇಕರಿಯ ಭಟ್ಟಿಯಲ್ಲಿ ಬೇಯಿಸಿಕೊಡುವ ಏರ್ಪಾಡು ಕೆಲವೆಡೆ ಸಾಧ್ಯ. ಅಂತಹ ಬೇಕರಿಯೊಡನೆ ಒಪ್ಪಂದ ಮಾಡಿಕೊಂಡು ಹತ್ತಾರು ಟ್ರೇ ಬೇಯಿಸಿ, ಗ್ರಾಹಕರು ದೊರೆಯುತ್ತಾರೆಯೇ ಎಂದು ಖಚಿತಪಡಿಸಿಕೊಂಡ ಮೇಲೆಯೇ ಬಂಡವಾಳ ಹೂಡುವುದು ಒಳಿತು.

ಸಾಮಾನ್ಯ ದೋಷಗಳು ಮತ್ತು ಪರಿಹಾರ

• ತಳ ಮೆತ್ತಗಾಗುವುದು: ತಳವನ್ನು ಮೊದಲು ಬೇಯಿಸಿಲ್ಲ ಅಥವಾ ಬಿಸಿಯಿರುವಾಗಲೇ ಹೂರಣ ಹರಡಲಾಗಿದೆ. ಮೊದಲು ಬೇಯಿಸಿ, ಆರಿಸಿ, ಬಳಿಕ ಹರಡಬೇಕು.
• ಚಕ್ಕಾ ಪದರ ರವೆರವೆಯಾಗಿ ನೀರು ಬಿಡುವುದು: ಉಷ್ಣತೆ ಹೆಚ್ಚಾಗಿದೆ ಅಥವಾ ಪಿಷ್ಟ ಕಡಿಮೆಯಾಗಿದೆ. 170 ಡಿಗ್ರಿ ಮೀರದಂತೆ ನೋಡಿಕೊಳ್ಳಬೇಕು.
• ಮೇಲ್ಭಾಗ ಬಿರಿಯುವುದು: ಹೆಚ್ಚು ಹೊತ್ತು ಬೆಂದಿದೆ ಅಥವಾ ಓವನ್‌ನಿಂದ ತೆಗೆದೊಡನೆ ಫ್ರಿಜ್‌ಗೆ ಸೇರಿಸಲಾಗಿದೆ.
• ಕಣಕ ಗಡುಸಾಗುವುದು: ನಾದಿದ್ದು ಅಥವಾ ನೀರು ಹಾಕಿದ್ದು ಹೆಚ್ಚಾಗಿದೆ.
• ಕಹಿ ರುಚಿ: ನವಣೆ ಹಿಟ್ಟು ಹಳೆಯದಾಗಿದೆ. ಸಿರಿಧಾನ್ಯದ ಹಿಟ್ಟಿನ ಕೊಬ್ಬು ಬೇಗ ಕಮಟುವುದರಿಂದ ಹೊಸದಾಗಿ ಬೀಸಿದ್ದನ್ನೇ ಬಳಸಬೇಕು.

ಇತರ ಹಣ್ಣುಗಳು

ಏಪ್ರಿಲ್–ಮೇ ತಿಂಗಳಲ್ಲಿ ದೊರೆಯುವ ಕೇಸರ್ ಮಾವಿನ ತಿರುಳನ್ನು ಇದೇ ರೀತಿ ಬತ್ತಿಸಿ ಬಳಸಬಹುದು. ಅದು ಸಹಜವಾಗಿಯೇ ಸಿಹಿಯಾಗಿರುವುದರಿಂದ ಸಕ್ಕರೆ ಅರ್ಧ ಸಾಕು. ಪಪ್ಪಾಯಿ ಮತ್ತು ಅಂಜೂರದಲ್ಲಿ ಹಾಲಿನ ಪ್ರೋಟೀನನ್ನು ಕತ್ತರಿಸುವ ಕಿಣ್ವಗಳಿವೆ. ಅವುಗಳನ್ನು ಹಸಿಯಾಗಿ ಚಕ್ಕಾದೊಡನೆ ಸೇರಿಸಿದರೆ ಪದರ ಸಡಿಲಗೊಂಡು ಕಹಿಯಾಗುತ್ತದೆ. ಚೆನ್ನಾಗಿ ಕುದಿಸಿದರೆ ಈ ಕಿಣ್ವಗಳು ನಿಷ್ಕ್ರಿಯವಾಗುತ್ತವೆ. ಪಪ್ಪಾಯಿಯಲ್ಲಿ ಹುಳಿ ತೀರ ಕಡಿಮೆಯಾದ್ದರಿಂದ ನಿಂಬೆ ರಸವನ್ನು ಎರಡರಷ್ಟು ಹಾಕಬೇಕು. ದಾಳಿಂಬೆಯನ್ನು ಬೇಯಿಸಿದರೆ ರಸ ಸೋರಿ ಬೀಜ ಗಡುಸಾಗುವುದರಿಂದ, ಅದನ್ನು ತಣಿದ ಬಾರ್ ಮೇಲೆ ಬಡಿಸುವ ಹೊತ್ತಿಗೆ ಅಲಂಕರಿಸುವುದು ಲೇಸು.

ಸಂಗ್ರಹಣೆ: ಜಾತ್ರೆಗೆ ಯಾವುದು, ಮನೆಗೆ ಯಾವುದು

ಚಕ್ಕಾ ಪದರವಿರುವ ಬಾರ್ ಅನ್ನು ಬಿಸ್ಕತ್ತಿನಂತೆ ಭಾವಿಸಕೂಡದು. ಅದು ಹಾಲಿನ ಸಿಹಿತಿಂಡಿ. 5 ಡಿಗ್ರಿಗಿಂತ ಕಡಿಮೆ ಉಷ್ಣಾಂಶದಲ್ಲಿ, ಮುಚ್ಚಿದ ಡಬ್ಬಿಯಲ್ಲಿ 3 ದಿನ ಮಾತ್ರ ಇಡಬಹುದು. 5ರಿಂದ 60 ಡಿಗ್ರಿಯ ನಡುವಿನ ಉಷ್ಣಾಂಶ ಸೂಕ್ಷ್ಮಜೀವಿಗಳ ವೃದ್ಧಿಗೆ ಅನುಕೂಲಕರ. ಆದ್ದರಿಂದ ಫ್ರಿಜ್‌ನಿಂದ ಹೊರತೆಗೆದ ಬಾರ್ 2 ಗಂಟೆಯೊಳಗೆ, ವಾತಾವರಣ 32 ಡಿಗ್ರಿ ಮೀರಿದ್ದರೆ 1 ಗಂಟೆಯೊಳಗೆ ಮುಗಿಯಬೇಕು. ಉಳಿದದ್ದನ್ನು ಮತ್ತೆ ತಣಿಸಿ ಮರುದಿನ ಮಾರುವಂತಿಲ್ಲ. ಹುಳಿ ವಾಸನೆ ಬಂದಿಲ್ಲ ಎಂಬುದು ಸುರಕ್ಷತೆಗೆ ಪುರಾವೆಯಲ್ಲ. ಚಕ್ಕಾ ಮೊದಲೇ ಹುಳಿಯಾಗಿರುವುದರಿಂದ ಕೆಟ್ಟದ್ದು ಮೂಗಿಗೆ ತಿಳಿಯುವುದು ತಡವಾಗುತ್ತದೆ.

ಹೇಮಗುಡ್ಡದ ದುರ್ಗಾಪರಮೇಶ್ವರಿ ದೇವಸ್ಥಾನಕ್ಕೆ ನವರಾತ್ರಿಯ ದಿನಗಳಲ್ಲಿ ಸುತ್ತಲಿನ ಊರುಗಳಿಂದ ಭಕ್ತರು ಸೇರುತ್ತಾರೆ. ಮಳೆಗಾಲದ ಪೇರಲದ ಬೆಳೆ ಮುಗಿಯುತ್ತ ಬರುವ ಕಾಲವೂ ಅದೇ. ಮಾರಾಟಕ್ಕೆ ಒಳ್ಳೆಯ ಅವಕಾಶವೆಂದು ತೋರುವುದು ಸಹಜ. ಆದರೆ ಬಿಸಿಲಿನಲ್ಲಿ ಹಾಕಿದ ಅಂಗಡಿಯಲ್ಲಿ, ಮಕ್ಕಳೂ ವೃದ್ಧರೂ ಕೊಂಡು ತಿನ್ನುವಲ್ಲಿ, ಚಕ್ಕಾ ಬಾರ್ ಇಡುವುದು ತಪ್ಪು. ವರ್ಷಗಟ್ಟಲೆ ಶ್ರಮಿಸಿ ಗಳಿಸಿದ ಗುಂಪಿನ ಹೆಸರು ಕೆಟ್ಟುಹೋಗಲು ಒಂದು ಡಬ್ಬಿ ಸಾಕು. ತಿಂದವರ ಆರೋಗ್ಯದ ಹೊಣೆ ಅದಕ್ಕಿಂತ ದೊಡ್ಡದು.

ಅಂತಹ ಸಂದರ್ಭಕ್ಕೆ ಚಕ್ಕಾರಹಿತ ಬಾರ್ ತಯಾರಿಸಿರಿ. ಅದೇ ಕಣಕ, ಚಕ್ಕಾಕ್ಕೆ ಬದಲಾಗಿ ಎರಡರಷ್ಟು ಪೇರಲ. 800 ಗ್ರಾಂ ತಿರುಳು, 200 ಗ್ರಾಂ ಸಕ್ಕರೆ, 20 ಮಿ.ಲೀ. ನಿಂಬೆ ರಸವನ್ನು ಕುದಿಸಿ 480 ಗ್ರಾಂಗೆ ಇಳಿಸಬೇಕು. ಆಗ ಪಾಕವು ಜಾಮ್‌ನಷ್ಟು ಸಾಂದ್ರವಾಗಿ, ಸೂಕ್ಷ್ಮಜೀವಿಗಳಿಗೆ ದೊರೆಯುವ ನೀರು ಬಹಳ ಕಡಿಮೆಯಾಗುತ್ತದೆ. ಒಣ ಡಬ್ಬಿಯಲ್ಲಿ ಇದನ್ನು ಫ್ರಿಜ್ ಇಲ್ಲದೆಯೇ 4 ದಿನ ಇಡಬಹುದು. ಚಕ್ಕಾ ಬಾರ್ ಅನ್ನು ಮುಂಗಡ ಬೇಡಿಕೆ ಪಡೆದು, ಮಂಜುಗಡ್ಡೆ ಪೊಟ್ಟಣವಿರುವ ತಂಪು ಪೆಟ್ಟಿಗೆಯಲ್ಲಿ ನೇರವಾಗಿ ಮನೆಗೆ ಅಥವಾ ಫ್ರಿಜ್ ಇರುವ ಅಂಗಡಿಗೆ ತಲುಪಿಸಬೇಕು. ಎರಡಕ್ಕೂ ಒಂದೇ ಹೆಸರು, ಒಂದೇ ಪೊಟ್ಟಣ ಇರಕೂಡದು.

ವೆಚ್ಚದ ಲೆಕ್ಕ

ಸಾಮಗ್ರಿಯ ಬೆಲೆಯನ್ನು ಮಾತ್ರ ಕೂಡಿ ದರ ನಿಗದಿಪಡಿಸುವುದು ಸಾಮಾನ್ಯವಾಗಿ ಆಗುವ ತಪ್ಪು. ಲೆಕ್ಕದ ಕ್ರಮ ತೋರಿಸಲು ಮಾತ್ರ ಒಂದು ಉದಾಹರಣೆ: ಒಂದು ಟ್ರೇಗೆ ಸಾಮಗ್ರಿ 280 ರೂ., ವಿದ್ಯುತ್ 20 ರೂ., ಪೊಟ್ಟಣ 50 ರೂ., ಕೂಲಿ 120 ರೂ. ಎಂದಿರಲಿ. ಒಟ್ಟು 470 ರೂ. ಇದನ್ನು 16ರಿಂದ ಭಾಗಿಸಿದರೆ ಬಾರ್ ಒಂದಕ್ಕೆ ಸುಮಾರು 29 ರೂ. 16ರಲ್ಲಿ 2 ಮಾರಾಟವಾಗದೆ ಉಳಿದರೆ, 14ರಿಂದ ಭಾಗಿಸಬೇಕು; ಆಗ ಸುಮಾರು 34 ರೂ. ಆಗುತ್ತದೆ. ಮಾರಾಟದ ದರ ಇದಕ್ಕಿಂತ ಮೇಲಿದ್ದರೆ ಮಾತ್ರ ಲಾಭ. ತಮ್ಮ ಊರಿನ ದರಗಳನ್ನು ಹಾಕಿ ಈ ಲೆಕ್ಕವನ್ನು ಪ್ರತಿ ತಿಂಗಳೂ ಪುನಃ ಮಾಡಬೇಕು. ಮನೆಯವರೇ ದುಡಿದರೂ ಕೂಲಿಯನ್ನು ಬಿಡಬಾರದು. ಮಹಿಳೆಯ ದುಡಿಮೆಗೆ ಬೆಲೆಯಿಲ್ಲವೆಂದು ಎಣಿಸಿದ ಲೆಕ್ಕದಲ್ಲಿ ಕಾಣುವ ಲಾಭ ನಿಜವಾದ ಲಾಭವಲ್ಲ.

ಹಣ್ಣಿನ ಹೆಚ್ಚುವರಿಗೆ ಇದೊಂದೇ ಪರಿಹಾರವೇ?

ಅಲ್ಲ. ಒಂದು ಟ್ರೇ ಚಕ್ಕಾ ಬಾರ್‌ಗೆ ಬೇಕಾಗುವುದು ಅರ್ಧ ಕಿಲೊ ಪೇರಲ. ಒಂದು ಕ್ವಿಂಟಾಲ್ ಹಣ್ಣು ಮುಗಿಯಬೇಕಾದರೆ 200 ಟ್ರೇ, ಅಂದರೆ 3,200 ಬಾರ್ ಮಾರಾಟವಾಗಬೇಕು. ಕೊಯ್ಲಿನ ಭರಾಟೆಯ ವಾರದಲ್ಲಿ ಇದು ಸಾಧ್ಯವಿಲ್ಲ. ಆದ್ದರಿಂದ ಹಣ್ಣು ಅಗ್ಗವಾಗಿರುವಾಗ ಅದನ್ನು ಉಳಿಯುವ ರೂಪಕ್ಕೆ ತಂದಿಟ್ಟುಕೊಂಡು, ವರ್ಷವಿಡೀ ಬೇಡಿಕೆಗೆ ತಕ್ಕಂತೆ ಬಾರ್ ತಯಾರಿಸುವುದೇ ಸರಿಯಾದ ಕ್ರಮ.

ಇದಕ್ಕೆ ‘ಪೇರಲದ ಚೀಸ್’ ಉಪಯುಕ್ತ. ಹೆಸರಿನಲ್ಲಿ ಚೀಸ್ ಇದ್ದರೂ, ಸೇರಿಸುವ ತುಸು ಬೆಣ್ಣೆಯ ಹೊರತು ಇದರಲ್ಲಿ ಹಾಲಿನ ಅಂಶವಿಲ್ಲ. ಚಕ್ಕಾ ಬಾರ್‌ನ ಚೀಸ್ ಪದರಕ್ಕೂ ಇದಕ್ಕೂ ಸಂಬಂಧವಿಲ್ಲ. 1 ಕಿಲೊ ತಿರುಳಿಗೆ 1.25 ಕಿಲೊ ಸಕ್ಕರೆ ಸೇರಿಸಿ ಕುದಿಸಬೇಕು. ಗಟ್ಟಿಯಾಗುತ್ತ ಬಂದಾಗ 50 ಗ್ರಾಂ ಬೆಣ್ಣೆ, 2 ಗ್ರಾಂ ಸಿಟ್ರಿಕ್ ಆಮ್ಲ, ಚಿಟಿಕೆ ಉಪ್ಪು ಹಾಕಿ, ಮಿಶ್ರಣ ಬಾಣಲೆಯ ಅಂಚು ಬಿಡುವವರೆಗೆ ಕೈಯಾಡಿಸಬೇಕು. ಬೆಣ್ಣೆ ಸವರಿದ ತಟ್ಟೆಗೆ ಸುರಿದು ರಾತ್ರಿಯಿಡೀ ಬಿಟ್ಟು, ತುಂಡು ಮಾಡಿ ಗಾಳಿಯಾಡದಂತೆ ಇಟ್ಟರೆ ಕೆಲವು ತಿಂಗಳು ಬಾಳಿಕೆ ಬರುತ್ತದೆ. ಇದನ್ನೇ ತುಸು ಬಿಸಿನೀರಿನಲ್ಲಿ ಸಡಿಲಿಸಿ ಬಾರ್‌ನ ಹಣ್ಣಿನ ಪದರವಾಗಿ ಬಳಸಬಹುದು. ಆಗ ಚಕ್ಕಾ ಪದರದ ಸಕ್ಕರೆಯನ್ನು ಅರ್ಧಕ್ಕೆ ಇಳಿಸಬೇಕು.

ನೋಂದಣಿ, ಚೀಟಿ ಮತ್ತು ನೆರವು

ಮಾರಾಟಕ್ಕೆ ಮೊದಲು ಭಾರತೀಯ ಆಹಾರ ಸುರಕ್ಷತೆ ಮತ್ತು ಗುಣಮಟ್ಟ ಪ್ರಾಧಿಕಾರದಲ್ಲಿ ನೋಂದಣಿ ಮಾಡಿಸುವುದು ಕಡ್ಡಾಯ. ಪೊಟ್ಟಣದ ಮೇಲೆ ಪದಾರ್ಥಗಳ ಪಟ್ಟಿ, ತೂಕ, ತಯಾರಿಸಿದ ದಿನಾಂಕ, ಬಳಸಬೇಕಾದ ಕೊನೆಯ ದಿನಾಂಕ, ನೋಂದಣಿ ಸಂಖ್ಯೆ, ಸಸ್ಯಾಹಾರದ ಹಸಿರು ಗುರುತು ಮತ್ತು ‘ಗೋಧಿ ಹಾಗೂ ಹಾಲಿನ ಅಂಶವಿದೆ’ ಎಂಬ ಎಚ್ಚರಿಕೆ ಇರಬೇಕು. ಚಕ್ಕಾ ಬಾರ್ ಮೇಲೆ ‘ಫ್ರಿಜ್‌ನಲ್ಲಿಡಿ’ ಎಂದು ದೊಡ್ಡ ಅಕ್ಷರಗಳಲ್ಲಿ ಕನ್ನಡದಲ್ಲಿಯೇ ಮುದ್ರಿಸಿರಿ. ಒಂದು ಬಾರ್‌ನಲ್ಲಿ ಸೇರಿಸಿದ ಸಕ್ಕರೆ ಸುಮಾರು 13 ಗ್ರಾಂ, ಶಕ್ತಿ ಅಂದಾಜು 190 ಕ್ಯಾಲೊರಿ. ಮಧುಮೇಹಿಗಳಿಗೆ ಇದು ಸೂಕ್ತವಲ್ಲವೆಂದು ಕೇಳಿದವರಿಗೆ ಮುಚ್ಚುಮರೆಯಿಲ್ಲದೆ ತಿಳಿಸಬೇಕು.

2020ರಲ್ಲಿ ಆರಂಭವಾದ ಪ್ರಧಾನಮಂತ್ರಿ ಕಿರು ಆಹಾರ ಸಂಸ್ಕರಣಾ ಉದ್ಯಮಗಳ ನಿಯಮಬದ್ಧಗೊಳಿಸುವಿಕೆ ಯೋಜನೆಯ ‘ಒಂದು ಜಿಲ್ಲೆ ಒಂದು ಉತ್ಪನ್ನ’ ಪಟ್ಟಿಯಲ್ಲಿ ಕೊಪ್ಪಳ ಜಿಲ್ಲೆಗೆ ಪೇರಲವನ್ನು ಗುರುತಿಸಲಾಗಿದೆ. ಈ ಯೋಜನೆಯಲ್ಲಿ ಅರ್ಹ ಕಿರು ಘಟಕಗಳಿಗೆ ಬ್ಯಾಂಕ್ ಸಾಲಕ್ಕೆ ಜೋಡಿಸಿದ ಶೇಕಡ 35ರಷ್ಟು, ಗರಿಷ್ಠ 10 ಲಕ್ಷ ರೂ. ಸಹಾಯಧನವನ್ನೂ, ಆಹಾರ ಸಂಸ್ಕರಣೆಯಲ್ಲಿ ತೊಡಗಿದ ಸ್ವಸಹಾಯ ಗುಂಪಿನ ಪ್ರತಿ ಸದಸ್ಯರಿಗೆ 40,000 ರೂ.ವರೆಗೆ ಆರಂಭಿಕ ಬಂಡವಾಳವನ್ನೂ ನಿಗದಿಪಡಿಸಲಾಗಿತ್ತು. ಅರ್ಜಿ ಸಲ್ಲಿಸುವ ಮುನ್ನ ಪ್ರಸಕ್ತ ಸಾಲಿನ ನಿಯಮಗಳನ್ನು ಜಿಲ್ಲೆಯ ಕೃಷಿ ಇಲಾಖೆಯಲ್ಲಿ ವಿಚಾರಿಸಿ ತಿಳಿಯಬೇಕು.

ಕೊನೆಯದಾಗಿ, ಮೊದಲ ತಿಂಗಳು ವಾರಕ್ಕೆ ಒಂದೇ ಟ್ರೇ ತಯಾರಿಸಿರಿ. ಒಂದು ಬಾರ್ ಅನ್ನು ಫ್ರಿಜ್‌ನಲ್ಲಿ ಮಾರದೆ ಉಳಿಸಿ, ಮೊದಲನೆಯ, ಎರಡನೆಯ ಮತ್ತು ಮೂರನೆಯ ದಿನ ಅದರ ತಳ, ಬಣ್ಣ, ವಾಸನೆಗಳನ್ನು ಪುಸ್ತಕದಲ್ಲಿ ಬರೆದಿಡಿ. ಪೇರಲದ ತಿರುಳು ಎಷ್ಟು ತೂಕಕ್ಕೆ ಇಳಿಯಿತು, ಚಕ್ಕಾ ಎಷ್ಟು ಗಂಟೆ ಇಳಿಯಿತು ಎಂಬುದೂ ಅದೇ ಪುಟದಲ್ಲಿರಲಿ. ನಾಲ್ಕು ವಾರಗಳ ಆ ನಾಲ್ಕು ಪುಟಗಳು ತಮ್ಮ ಅಡುಗೆಮನೆಗೆ ಒಗ್ಗುವ ಹದವನ್ನು ಯಾವ ಲೇಖನಕ್ಕಿಂತಲೂ ಸ್ಪಷ್ಟವಾಗಿ ತಿಳಿಸುತ್ತವೆ. ಹೆಚ್ಚಿನ ಮಾಹಿತಿ ಮತ್ತು ಪ್ರಾತ್ಯಕ್ಷಿಕೆಗಾಗಿ ಆ ಪುಸ್ತಕದೊಡನೆ ಸಮೀಪದ ಕೃಷಿ ವಿಜ್ಞಾನ ಕೇಂದ್ರದ ಗೃಹ ವಿಜ್ಞಾನ ವಿಷಯ ತಜ್ಞರನ್ನು ಸಂಪರ್ಕಿಸಬಹುದು.